ಹೊವಾರ್ಡ್ ಕೊಸೆಲ್

ಹೊವಾರ್ಡ್ ಕೊಸೆಲ್ (ಮಾರ್ಚ್ 25, 1918 – ಏಪ್ರಿಲ್ 23, 1995) ಅಮೆರಿಕದ ಕ್ರೀಡಾ ಪತ್ರಕರ್ತರು ಹಾಗೂ ದೂರದರ್ಶನದ ವೀಕ್ಷಕ ವಿವರಣೆಗಾರರು. ಎಬಿಸಿ ವಾಹಿನಿಯ ಬಾಕ್ಸಿಂಗ್ ಪ್ರಸಾರಗಳ ಮೂಲಕ ಪ್ರಸಿದ್ಧರಾದ ಅವರು, ಮುಹಮ್ಮದ್ ಅಲಿಯವರ ಹಕ್ಕುಗಳನ್ನು ಬಹಿರಂಗವಾಗಿ ಸಮರ್ಥಿಸಿದ ಕೆಲವೇ ಕ್ರೀಡಾ ಪತ್ರಕರ್ತರಲ್ಲಿ ಒಬ್ಬರಾಗಿದ್ದರು. ತಮಗೆ ಕೀರ್ತಿ ತಂದ ವೃತ್ತಿಪರ ಬಾಕ್ಸಿಂಗ್‌ನ ವೀಕ್ಷಕ ವಿವರಣೆಯನ್ನು 1982ರಲ್ಲಿ ಅವರೇ ತ್ಯಜಿಸಿದರು.

ಆರಂಭಿಕ ಜೀವನ

ಕೊಸೆಲ್ ಉತ್ತರ ಕೆರೊಲಿನಾದ ವಿನ್‌ಸ್ಟನ್-ಸೇಲಂ ನಗರದ ಯಹೂದಿ ಕುಟುಂಬವೊಂದರಲ್ಲಿ ಜನಿಸಿದರು. ಬೆಳೆದದ್ದು ನ್ಯೂಯಾರ್ಕಿನ ಬ್ರೂಕ್ಲಿನ್‌ನಲ್ಲಿ. ಅವರ ಜನ್ಮನಾಮ ಹೊವಾರ್ಡ್ ವಿಲಿಯಂ ಕೋಹೆನ್. ಕೊಸೆಲ್ ಎಂಬ ಹೆಸರನ್ನು ಅವರು ಮುಂದೆ ಸ್ವೀಕರಿಸಿದರು. ನ್ಯೂಯಾರ್ಕ್ ವಿಶ್ವವಿದ್ಯಾಲಯದಲ್ಲಿ ಕಾನೂನು ಪದವಿ ಪಡೆದು, ಎರಡನೆಯ ಮಹಾಯುದ್ಧದ ಕಾಲದಲ್ಲಿ ಸೇನೆಯ ಸಾರಿಗೆ ದಳದಲ್ಲಿ ಮೇಜರ್ ಹುದ್ದೆಯವರೆಗೆ ಏರಿದರು. ಯುದ್ಧಾನಂತರ ವಕೀಲಿ ವೃತ್ತಿಯಲ್ಲಿ ತೊಡಗಿದ್ದ ಅವರು, 1953ರಲ್ಲಿ ಎಬಿಸಿ ರೇಡಿಯೋದಲ್ಲಿ ಬಾಲಕರ ಬೇಸ್‌ಬಾಲ್ ಕುರಿತ ಕಾರ್ಯಕ್ರಮವನ್ನು ನಡೆಸಿಕೊಡಲಾರಂಭಿಸಿದರು. ಕೆಲವು ವರ್ಷಗಳ ನಂತರ ವಕೀಲಿಯನ್ನು ಬಿಟ್ಟು ಪೂರ್ಣಾವಧಿ ಪ್ರಸಾರಕರಾದರು.

ಬಾಕ್ಸಿಂಗ್ ವಿವರಣೆ

1964ರ ಫೆಬ್ರವರಿ 25ರಂದು ಮಯಾಮಿ ಬೀಚ್‌ನಲ್ಲಿ ಕ್ಯಾಸಿಯಸ್ ಕ್ಲೇ ಅವರು ಸನ್ನಿ ಲಿಸ್ಟನ್‌ರನ್ನು ಸೋಲಿಸಿ ವಿಶ್ವ ಹೆವಿವೇಟ್ ಚಾಂಪಿಯನ್ ಆದ ಪಂದ್ಯದ ರೇಡಿಯೋ ವಿವರಣಾ ತಂಡದಲ್ಲಿ ಕೊಸೆಲ್ ಇದ್ದರು. ಮೂಗಿನಿಂದ ಹೊರಡುವ ಧ್ವನಿ, ಬ್ರೂಕ್ಲಿನ್ ಉಚ್ಚಾರಣೆ, ಬಿಡಿಬಿಡಿಯಾಗಿ ಒತ್ತಿ ಹೇಳುವ ರೀತಿ ಮತ್ತು ಪಾಂಡಿತ್ಯದ ಪದಗಳು ಅವರ ಶೈಲಿಯ ಲಕ್ಷಣಗಳಾಗಿದ್ದವು. ಕ್ರೀಡಾಪಟುಗಳನ್ನು ಹೊಗಳುವುದಷ್ಟೇ ವಿವರಣೆಗಾರನ ಕೆಲಸವೆಂಬ ರೂಢಿಯನ್ನು ಅವರು ಒಪ್ಪಲಿಲ್ಲ. ಇದರಿಂದ ಪ್ರೇಕ್ಷಕರ ಮೆಚ್ಚುಗೆ ಮತ್ತು ತೀವ್ರ ಅಸಮಾಧಾನ ಎರಡಕ್ಕೂ ಪಾತ್ರರಾದರು.

1973ರ ಜನವರಿ 22ರಂದು ಜಮೈಕಾದ ಕಿಂಗ್‌ಸ್ಟನ್‌ನಲ್ಲಿ ನಡೆದ ಪಂದ್ಯದಲ್ಲಿ ಜಾರ್ಜ್ ಫೋರ್‌ಮನ್ ಅವರು ಚಾಂಪಿಯನ್ ಜೋ ಫ್ರೇಜಿಯರ್‌ರನ್ನು ಎರಡೇ ಸುತ್ತುಗಳಲ್ಲಿ ಆರು ಬಾರಿ ಕೆಳಕ್ಕೆ ಕೆಡವಿದರು. ಮೊದಲ ಬಾರಿ ಫ್ರೇಜಿಯರ್ ಬಿದ್ದಾಗ, ಅವರು ನೆಲಕ್ಕುರುಳಿದರೆಂದು ಕೊಸೆಲ್ ಮೂರು ಬಾರಿ ಕೂಗಿ ಹೇಳಿದ ಮಾತು ಕ್ರೀಡಾ ಪ್ರಸಾರದ ಇತಿಹಾಸದಲ್ಲಿ ಅತ್ಯಂತ ಪ್ರಸಿದ್ಧವಾದ ಉದ್ಗಾರಗಳಲ್ಲೊಂದು. 1976ರ ಮಾಂಟ್ರಿಯಲ್ ಒಲಿಂಪಿಕ್ಸ್‌ನಲ್ಲಿ ಶುಗರ್ ರೇ ಲಿಯೊನಾರ್ಡ್ ಸೇರಿದಂತೆ ಅಮೆರಿಕದ ಐವರು ಬಾಕ್ಸರುಗಳು ಚಿನ್ನ ಗೆದ್ದಾಗಲೂ ಅವರೇ ವಿವರಣೆಗಾರರಾಗಿದ್ದರು.

ಮುಹಮ್ಮದ್ ಅಲಿ ಪ್ರಕರಣ

ಇಸ್ಲಾಂ ಸ್ವೀಕರಿಸಿದ ಕ್ಲೇ ಅವರು ಮುಹಮ್ಮದ್ ಅಲಿ ಎಂಬ ಹೆಸರನ್ನು ಪಡೆದಾಗ ಅನೇಕ ಪತ್ರಿಕೆಗಳು ಹಳೆಯ ಹೆಸರನ್ನೇ ಬಳಸುತ್ತಿದ್ದವು. ಕೊಸೆಲ್ ಹೊಸ ಹೆಸರನ್ನು ಗೌರವಿಸಿದರು. 1967ರ ಏಪ್ರಿಲ್ 28ರಂದು ಅಲಿ ಅವರು ಸೇನೆಗೆ ಸೇರಲು ನಿರಾಕರಿಸಿದಾಗ, ನ್ಯಾಯಾಲಯದ ತೀರ್ಪು ಬರುವ ಮೊದಲೇ ಬಾಕ್ಸಿಂಗ್ ಸಂಸ್ಥೆಗಳು ಅವರ ಪ್ರಶಸ್ತಿಯನ್ನು ಹಿಂಪಡೆದವು. ವಕೀಲರಾಗಿದ್ದ ಕೊಸೆಲ್ ಅವರ ಆಕ್ಷೇಪ ಇದ್ದದ್ದು ಇಲ್ಲಿಯೇ: ಅಲಿಯವರ ರಾಜಕೀಯ ನಿಲುವು ಏನೇ ಇರಲಿ, ಕಾನೂನಿನ ಸೂಕ್ತ ಪ್ರಕ್ರಿಯೆಯಿಲ್ಲದೆ ಒಬ್ಬ ನಾಗರಿಕನ ಜೀವನೋಪಾಯವನ್ನು ಕಸಿಯಲಾಗದು ಎಂಬುದು ಅವರ ವಾದವಾಗಿತ್ತು. ಈ ನಿಲುವಿಗಾಗಿ ಅವರಿಗೆ ದ್ವೇಷದ ಪತ್ರಗಳು ಬಂದವು. 1971ರ ಜೂನ್ 28ರಂದು ಅಮೆರಿಕದ ಸರ್ವೋಚ್ಚ ನ್ಯಾಯಾಲಯ ಅಲಿಯವರ ಶಿಕ್ಷೆಯನ್ನು ಅವಿರೋಧವಾಗಿ ರದ್ದುಪಡಿಸಿತು. ಆ ವೇಳೆಗೆ ಅಲಿ ತಮ್ಮ ಯೌವನದ ಮೂರಕ್ಕೂ ಹೆಚ್ಚು ವರ್ಷಗಳ ಆಟವನ್ನು ಕಳೆದುಕೊಂಡಿದ್ದರು.

ವೃತ್ತಿಪರ ಬಾಕ್ಸಿಂಗ್‌ನಿಂದ ನಿರ್ಗಮನ

1982ರ ನವೆಂಬರ್ 13ರಂದು ಲಾಸ್ ವೇಗಸ್‌ನಲ್ಲಿ ರೇ ಮಂಚಿನಿ ವಿರುದ್ಧ ಸೆಣಸಿದ ಕೊರಿಯಾದ ಕಿಮ್ ದುಕ್-ಕು 14ನೆಯ ಸುತ್ತಿನಲ್ಲಿ ಬಿದ್ದು, ಕೆಲವು ದಿನಗಳಲ್ಲಿ ನಿಧನರಾದರು. ಅದೇ ತಿಂಗಳ 26ರಂದು ಹ್ಯೂಸ್ಟನ್‌ನಲ್ಲಿ ಲ್ಯಾರಿ ಹೋಮ್ಸ್ ಮತ್ತು ರ‍್ಯಾಂಡಲ್ ಕಾಬ್ ನಡುವಣ ಪಂದ್ಯಕ್ಕೆ ಕೊಸೆಲ್ ವಿವರಣೆ ನೀಡಿದರು. ಸಂಪೂರ್ಣ ಏಕಪಕ್ಷೀಯವಾಗಿದ್ದರೂ ಪಂದ್ಯವನ್ನು ನಿಲ್ಲಿಸದೆ 15 ಸುತ್ತುಗಳವರೆಗೆ ನಡೆಸಲಾಯಿತು. ಕಾಬ್ ಅವರು ಏಟುಗಳನ್ನು ಸಹಿಸುತ್ತಲೇ ಇದ್ದುದನ್ನು ಕಂಡ ಕೊಸೆಲ್ ಪ್ರಸಾರದಲ್ಲಿಯೇ ಜಿಗುಪ್ಸೆ ವ್ಯಕ್ತಪಡಿಸಿದರು. ಅನಂತರ ಇನ್ನು ಮುಂದೆ ವೃತ್ತಿಪರ ಬಾಕ್ಸಿಂಗ್‌ಗೆ ವಿವರಣೆ ನೀಡುವುದಿಲ್ಲವೆಂದು ಘೋಷಿಸಿದರು. ಕಿಮ್ ಅವರ ಸಾವಿನ ನಂತರ ವಿಶ್ವ ಬಾಕ್ಸಿಂಗ್ ಮಂಡಳಿಯು ಪ್ರಶಸ್ತಿ ಪಂದ್ಯಗಳನ್ನು 15ರಿಂದ 12 ಸುತ್ತುಗಳಿಗೆ ಇಳಿಸಿತು. ಕೊಸೆಲ್ 1984ರ ಒಲಿಂಪಿಕ್ಸ್‌ನಲ್ಲಿ ಹವ್ಯಾಸಿ ಬಾಕ್ಸಿಂಗ್‌ಗೆ ವಿವರಣೆ ನೀಡಿದರೂ, ವೃತ್ತಿಪರ ಕಣಕ್ಕೆ ಮರಳಲಿಲ್ಲ.

ಇತರ ಕಾರ್ಯಗಳು

1970ರಲ್ಲಿ ಆರಂಭವಾದ ಎಬಿಸಿಯ ಸೋಮವಾರ ರಾತ್ರಿಯ ಅಮೆರಿಕನ್ ಫುಟ್‌ಬಾಲ್ ಪ್ರಸಾರದಲ್ಲಿ ಅವರು 1983ರವರೆಗೆ ಭಾಗವಹಿಸಿದರು. 1980ರ ಡಿಸೆಂಬರ್ 8ರಂದು ಗಾಯಕ ಜಾನ್ ಲೆನನ್ ಹತ್ಯೆಯ ಸುದ್ದಿಯನ್ನು ಆ ಪ್ರಸಾರದ ನಡುವೆ ವೀಕ್ಷಕರಿಗೆ ತಿಳಿಸಿದವರು ಅವರೇ. ಸಹೋದ್ಯೋಗಿಗಳನ್ನು ಟೀಕಿಸಿದ ಅವರ ಕೃತಿ 1985ರಲ್ಲಿ ಪ್ರಕಟವಾದ ಸಂದರ್ಭದಲ್ಲಿ ಎಬಿಸಿ ದೂರದರ್ಶನದೊಂದಿಗಿನ ಅವರ ನಂಟು ಕೊನೆಗೊಂಡಿತು.

ನಿಧನ ಮತ್ತು ಗೌರವಗಳು

ಕೊಸೆಲ್ 1995ರ ಏಪ್ರಿಲ್ 23ರಂದು ನ್ಯೂಯಾರ್ಕಿನಲ್ಲಿ 77ನೆಯ ವಯಸ್ಸಿನಲ್ಲಿ ನಿಧನರಾದರು. 2001ರ ಅಲಿ ಚಲನಚಿತ್ರದಲ್ಲಿ ಅವರ ಪಾತ್ರವನ್ನು ನಿರ್ವಹಿಸಿದ ಜಾನ್ ವಾಯ್ಟ್ ಆಸ್ಕರ್ ನಾಮನಿರ್ದೇಶನ ಪಡೆದರು. 2010ರಲ್ಲಿ ಕೊಸೆಲ್ ಅವರ ಹೆಸರನ್ನು ಅಂತರರಾಷ್ಟ್ರೀಯ ಬಾಕ್ಸಿಂಗ್ ಹಾಲ್ ಆಫ್ ಫೇಮ್‌ಗೆ ಮರಣೋತ್ತರವಾಗಿ ಸೇರಿಸಲಾಯಿತು.