ಸಂಧಾನಿಯ ಸೊಂಟದಲ್ಲೊಂದು ಕತ್ತಿ

1781ನೆಯ ಇಸವಿ. ಲಂಡನ್ನಿನ ಈಸ್ಟ್ ಇಂಡಿಯಾ ಕಂಪನಿಯ ಕಚೇರಿಯಲ್ಲಿ ಹದಿಮೂರೂ ತುಂಬದ ಬಾಲಕನೊಬ್ಬ ಸೈನ್ಯದ ಹುದ್ದೆ ಬೇಡಿ ನಿಂತಿದ್ದ. ಹೈದರಾಲಿ ಎದುರಾದರೆ ಏನು ಮಾಡುತ್ತೀಯೆ ಎಂದು ನಿರ್ದೇಶಕರೊಬ್ಬರು ಕೇಳಿದರಂತೆ. ಕತ್ತಿ ಹಿರಿದು ತಲೆ ಕಡಿಯುತ್ತೇನೆ ಎಂದನಂತೆ ಹುಡುಗ. ಹುದ್ದೆ ದೊರೆಯಿತು. ಆದರೆ 1783ರಲ್ಲಿ ಅವನು ಮದರಾಸಿಗೆ ಬಂದಿಳಿಯುವ ಹೊತ್ತಿಗೆ ಹೈದರ್ ತೀರಿಕೊಂಡು ತಿಂಗಳುಗಳೇ ಸಂದಿದ್ದವು. ಮೈಸೂರಿನ ಗಾದಿಯಲ್ಲಿ ಟಿಪ್ಪು ಕುಳಿತಿದ್ದ.

ಆ ಹುಡುಗ ಜಾನ್ ಮಾಲ್ಕಮ್. ಸ್ಕಾಟ್ಲೆಂಡಿನ ಎಸ್ಕ್‌ಡೇಲ್ ಕಣಿವೆಯಲ್ಲಿ 1769ರಲ್ಲಿ ಹುಟ್ಟಿದವನು. ಸಾಲಕ್ಕೆ ಸಿಕ್ಕ ರೈತನ ಮನೆ, ಹದಿನೇಳು ಮಕ್ಕಳ ಸಂಸಾರ. ಅವನ ಬದುಕಿನ ದಿಕ್ಕು ತಿರುಗಿದ್ದು 1792ರ ಶ್ರೀರಂಗಪಟ್ಟಣದ ಮುತ್ತಿಗೆಯಲ್ಲಿ. ಗುಂಡಿನ ಮಳೆಯ ನಡುವೆಯೂ ಅವನ ಕಣ್ಣು ನಿಜಾಮನ ದರಬಾರಿನೊಡನೆ ಮಾತುಕತೆ ನಡೆಸುವ ಅಧಿಕಾರಿಗಳ ಮೇಲಿತ್ತು. ಆ ಕೆಲಸಕ್ಕೆ ಪಾರಸಿ ಬೇಕು. ಪಟ್ಟು ಹಿಡಿದು ಕಲಿತ. ನಿಜಾಮನ ಜೊತೆಗಿದ್ದ ಪಡೆಗೆ ದುಭಾಷಿಯಾದ.

1799ರ ಮೇ 4ರಂದು ಶ್ರೀರಂಗಪಟ್ಟಣ ಬಿದ್ದಾಗ ಅವನು ನಿಜಾಮನ ಸೇನೆಯೊಂದಿಗೆ ಅಲ್ಲಿದ್ದ. ಗೆದ್ದ ರಾಜ್ಯವನ್ನು ಹಂಚಲು ಕೂತ ಆಯೋಗಕ್ಕೆ ಇಬ್ಬರು ಕಾರ್ಯದರ್ಶಿಗಳು: ಒಬ್ಬ ಥಾಮಸ್ ಮನ್ರೋ, ಇನ್ನೊಬ್ಬ ಮಾಲ್ಕಮ್. ಕರಾವಳಿಯೂ ಗಡಿಸೀಮೆಗಳೂ ಹಂಚಿಹೋದವು. ಉಳಿದ ಮೈಸೂರಿಗೆ ಬಾಲಕ ಮುಮ್ಮಡಿ ಕೃಷ್ಣರಾಜ ಒಡೆಯರಿಗೆ ಜೂನ್ 30ರಂದು ಪಟ್ಟವಾಯಿತು; ಆಡಳಿತದ ಹೊರೆ ದಿವಾನ್ ಪೂರ್ಣಯ್ಯನವರ ಹೆಗಲೇರಿತು.

ಅದೇ ವರ್ಷ ಗವರ್ನರ್ ಜನರಲ್ ವೆಲ್ಲೆಸ್ಲಿ ಅವನನ್ನು ಪರ್ಷಿಯಾಕ್ಕೆ ರಾಯಭಾರಿಯಾಗಿ ಕಳುಹಿಸಿದ. ಒಂದೆಡೆ ಕಾಬೂಲಿನ ಜಮಾನ್ ಶಾಹ, ಇನ್ನೊಂದೆಡೆ ಫ್ರೆಂಚರು. ಇಬ್ಬರನ್ನೂ ಇಂಡಿಯಾದಿಂದ ದೂರವಿಡಬೇಕಿತ್ತು. ಮಾಲ್ಕಮ್ ಫತ್ ಅಲಿ ಶಾಹನ ಆಸ್ಥಾನದಲ್ಲಿ ಕಾಣಿಕೆಗಳನ್ನು ಧಾರಾಳವಾಗಿ ಸುರಿದು, 1801ರ ಜನವರಿಯಲ್ಲಿ ಒಪ್ಪಂದ ಗಳಿಸಿದ. ಅದು ಹೆಚ್ಚು ಕಾಲ ಬಾಳಲಿಲ್ಲ. 1807ರಲ್ಲಿ ಶಾಹ ನೆಪೋಲಿಯನ್ನನ ಕೈ ಹಿಡಿದ. ಮರುವರ್ಷ ಮತ್ತೆ ಹೋದ ಮಾಲ್ಕಮ್‌ನನ್ನು ಬುಶೆಹರ್ ಬಂದರಿನಿಂದ ಮುಂದಕ್ಕೆ ಬಿಡಲಿಲ್ಲ. ಕೆರಳಿದ ರಾಯಭಾರಿ ಕಲ್ಕತ್ತೆಗೆ ಮರಳಿ, ಕೊಲ್ಲಿಯ ಖಾರ್ಗ್ ದ್ವೀಪವನ್ನೇ ಹಿಡಿಯೋಣವೆಂದು ವಾದಿಸಿದ. 1810ರ ಮೂರನೆಯ ಯಾತ್ರೆಯಲ್ಲಿ ಆದರದ ಸ್ವಾಗತ ಸಿಕ್ಕಿತು. ಆ ತಿರುಗಾಟಗಳ ಫಲವಾಗಿ 1815ರಲ್ಲಿ ಅವನ ಪರ್ಷಿಯಾ ಇತಿಹಾಸ ಹೊರಬಂತು.

ಮತ್ತೆ ಕತ್ತಿಯ ಸರದಿ ಬಂದದ್ದು 1817ರ ಡಿಸೆಂಬರ್ 21ರಂದು. ಶಿಪ್ರಾ ನದಿಯ ದಡದ ಮಹೀದ್‌ಪುರದಲ್ಲಿ ಇಂದೋರಿನ ಹೋಳ್ಕರರ ತೋಪುಗಳಿಗೆ ಎದೆಯೊಡ್ಡಿ ಕಾಲಾಳುಗಳನ್ನು ನಡೆಸಿದವನು ಮಾಲ್ಕಮ್. ಅಂದಿನ ಸೇನೆಯಲ್ಲಿ ಮೈಸೂರಿನ ಸಿಲ್ಲೇದಾರ್ ಸವಾರರೂ ಇದ್ದರು. ಎರಡೇ ವಾರ ಕಳೆದು, 1818ರ ಜನವರಿ 6ರಂದು ಮಂದಸೌರಿನ ಒಪ್ಪಂದಕ್ಕೆ ಸಹಿಯಾಯಿತು. ತೋಪು ಆರುವ ಮೊದಲೇ ಕಾಗದ ಬಿಚ್ಚುವುದು ಅವನ ಕ್ರಮ.

ಜೂನಿನಲ್ಲಿ ಪುಣೆಯ ಪೇಶ್ವೆ ಎರಡನೆಯ ಬಾಜಿರಾಯ ಅವನಿಗೇ ಶರಣಾದ. ವರ್ಷಕ್ಕೆ ಎಂಟು ಲಕ್ಷ ರೂಪಾಯಿ ಕೊಡುವುದಾಗಿ ಮಾಲ್ಕಮ್ ಮಾತು ಕೊಟ್ಟ. ಇದು ಅತಿಯಾಯಿತೆಂದು ಗವರ್ನರ್ ಜನರಲ್ ಹೇಸ್ಟಿಂಗ್ಸ್ ಗೊಣಗಿದರೂ ಮಾತು ಉಳಿಯಿತು. 1851ರಲ್ಲಿ ಬಾಜಿರಾಯ ತೀರಿಕೊಂಡಾಗ ಕಂಪನಿ ಆ ಹಣವನ್ನು ದತ್ತುಪುತ್ರ ನಾನಾಸಾಹೇಬನಿಗೆ ಮುಂದುವರಿಸಲಿಲ್ಲ. ಅದಕ್ಕೆ ಬಂದ ಉತ್ತರವನ್ನು 1857ರ ಕಾನ್ಪುರ ಕಂಡಿತು.

ಮಾಲ್ಕಮ್ 1827ರಿಂದ 1830ರವರೆಗೆ ಮುಂಬಯಿಯ ಗವರ್ನರನಾಗಿದ್ದು, 1833ರ ಮೇ 30ರಂದು ಲಂಡನ್ನಿನಲ್ಲಿ ತೀರಿಕೊಂಡ. ದೇಶೀಯ ಸಂಸ್ಥಾನಗಳನ್ನು ಒಂದೇ ಏಟಿಗೆ ನುಂಗಬಾರದು, ಅವುಗಳ ಮಾನ ಕಾಯಬೇಕು ಎಂಬುದು ಅವನ ನಂಬಿಕೆಯಾಗಿತ್ತು. ಸಮಕಾಲೀನ ಅಧಿಕಾರಿಗಳಲ್ಲಿ ಅಷ್ಟು ವಿವೇಕ ಅನೇಕರಿಗಿರಲಿಲ್ಲ. ಆದರೆ ಸೋತವರಿಗೆ ಅವನು ಉಳಿಸಿಕೊಟ್ಟದ್ದು ಗೌರವವನ್ನಷ್ಟೆ. ಅಧಿಕಾರವನ್ನು ಒಂದೊಂದು ಸಹಿಯಲ್ಲೂ ಕಂಪನಿಗೇ ಒಪ್ಪಿಸಿದ. ಮೈಸೂರು, ಇಂದೋರ್, ಪುಣೆಗಳ ಪಾಲಿಗೆ ಅವನ ಸೌಜನ್ಯ ನಿಜ, ಸೋಲೂ ನಿಜ. ಚರಿತ್ರೆ ಅವನನ್ನು ತೂಗುವಾಗ ಎರಡನ್ನೂ ಲೆಕ್ಕಕ್ಕೆ ಹಿಡಿಯಬೇಕು.