ಸಾರ್ವಜನಿಕ ಭೂಮಿ ಯಾರ ಸ್ವತ್ತು?



ಸರಕಾರಿ ಜಮೀನು ಎಂದರೆ ಸರಕಾರದ ಸ್ವಂತ ಆಸ್ತಿ, ಅದನ್ನು ಯಾರಿಗೆ ಬೇಕಾದರೂ ಕೊಡಬಹುದು ಎಂದು ನಮ್ಮಲ್ಲಿ ಅನೇಕರು ತಿಳಿದಿದ್ದಾರೆ. ಅರಸರ ಕಾಲದಲ್ಲಿ ಇನಾಮು, ಜಹಗೀರು, ಉಂಬಳಿ ಎಂದು ಭೂಮಿ ಕೊಡಲಾಗುತ್ತಿತ್ತು. ಕೊಡುವುದು ಅರಸನ ಇಚ್ಛೆಯಾಗಿತ್ತು. ಸಂವಿಧಾನ ಬಂದ ಮೇಲೆ ಈ ಇಚ್ಛೆಗೆ ಕಾನೂನಿನ ಕಟ್ಟು ಬಿತ್ತು. ಅದನ್ನು ಬಿಗಿಗೊಳಿಸಿದ ಒಂದು ಮುಖ್ಯ ಮೊಕದ್ದಮೆ ನಮ್ಮ ಬೆಂಗಳೂರಿನದು. ವಿದ್ಯಾರ್ಥಿಗಳು ಇದನ್ನು ಅವಶ್ಯವಾಗಿ ತಿಳಿದಿರಬೇಕು.

ಬೆಂಗಳೂರಿನ ರಾಜಮಹಲ್ ವಿಲಾಸ ಬಡಾವಣೆಯ ನಕ್ಷೆಯಲ್ಲಿ ಒಂದು ಜಾಗವನ್ನು ಸಾರ್ವಜನಿಕ ಉದ್ಯಾನಕ್ಕೆಂದು ಮೀಸಲಿಡಲಾಗಿತ್ತು. 1976ರಲ್ಲಿ ಮುಖ್ಯಮಂತ್ರಿಗಳ ಸೂಚನೆಯ ಮೇರೆಗೆ ಸರಕಾರ ಆದೇಶ ಹೊರಡಿಸಿತು. ಅದರಂತೆ ಬೆಂಗಳೂರು ಅಭಿವೃದ್ಧಿ ಪ್ರಾಧಿಕಾರವು (ಬಿಡಿಎ) ಆ ಜಾಗವನ್ನು ಖಾಸಗಿ ನರ್ಸಿಂಗ್ ಹೋಮ್ ಕಟ್ಟಲು ಬೆಂಗಳೂರು ಮೆಡಿಕಲ್ ಟ್ರಸ್ಟ್‌ಗೆ ಮಂಜೂರು ಮಾಡಿತು. ಬಿ.ಎಸ್. ಮುದ್ದಪ್ಪ ಮತ್ತು ಇತರ ನಿವಾಸಿಗಳು ಹೈಕೋರ್ಟಿಗೆ ಹೋದರು. ಏಕಸದಸ್ಯ ಪೀಠ ಅರ್ಜಿಯನ್ನು ತಿರಸ್ಕರಿಸಿತು. ವಿಭಾಗೀಯ ಪೀಠ ಅದನ್ನು ಪುರಸ್ಕರಿಸಿತು. ಟ್ರಸ್ಟ್ ಸುಪ್ರೀಂ ಕೋರ್ಟಿಗೆ ಮೇಲ್ಮನವಿ ಸಲ್ಲಿಸಿ 1991ರಲ್ಲಿ ಸೋತಿತು.

ಈ ವ್ಯಾಜ್ಯದಲ್ಲಿ ಎರಡು ಪ್ರಶ್ನೆಗಳಿದ್ದವು. ಮೊದಲನೆಯದು: ಜಾಗ ನಿವಾಸಿಗಳದ್ದಲ್ಲ, ಅವರ ಹೆಸರಿನಲ್ಲಿ ಖಾತೆಯೂ ಇಲ್ಲ, ಹೀಗಿರುವಾಗ ಅವರಿಗೆ ದಾವೆಯ ಹಕ್ಕು ಎಲ್ಲಿಂದ ಬಂತು? ಉದ್ಯಾನ ಇಲ್ಲವಾದರೆ ನಷ್ಟ ಆ ಬಡಾವಣೆಯ ಜನರಿಗೇ ಆಗುವುದರಿಂದ ಅವರು ಪ್ರಶ್ನಿಸಬಹುದು ಎಂದು ನ್ಯಾಯಾಲಯ ಹೇಳಿತು. ನ್ಯಾಯಮೂರ್ತಿ ಆರ್.ಎಂ. ಸಹಾಯ್ ಅವರು, ಒಂದು ಕಾಲದಲ್ಲಿ ಉದ್ಯಾನಗಳು ಸಿರಿವಂತರ ವಿಲಾಸಕ್ಕಷ್ಟೇ ಇದ್ದುದನ್ನೂ, ಸಮಾನತೆಯ ಭಾವನೆ ಬೆಳೆದಂತೆ ಅವು ಸಾಮಾನ್ಯರ ಪಾಲಿಗೆ ಬಂದುದನ್ನೂ ನೆನಪಿಸಿದರು.

ಎರಡನೆಯ ಪ್ರಶ್ನೆ ಇನ್ನೂ ಕಠಿಣ: ಆಸ್ಪತ್ರೆಯೂ ಒಳ್ಳೆಯದೇ ಅಲ್ಲವೇ? ಹೌದು. ಆದರೆ ಖಾಸಗಿ ನರ್ಸಿಂಗ್ ಹೋಮ್ ಎಲ್ಲರ ಉದ್ಯಾನಕ್ಕೆ ಬದಲಿಯಾಗದು. ಯೋಜನೆಯನ್ನು ಬದಲಿಸುವ ಅಧಿಕಾರವನ್ನು ಕಾನೂನು ಪ್ರಾಧಿಕಾರಕ್ಕೆ ಕೊಟ್ಟಿದೆ, ಅದೂ ಯೋಜನೆಯ ಸುಧಾರಣೆಗಾಗಿ. ಸರಕಾರದ ಸೂಚನೆಗಳೂ ಕಾಯ್ದೆಯ ಉದ್ದೇಶದೊಳಗೇ ಇರಬೇಕು.

ಇಂದು ಬಿಡಿಎ ಕಾಯ್ದೆಯ 38ಎ ಸೆಕ್ಷನ್ ಪ್ರಕಾರ, ಉದ್ಯಾನ, ಆಟದ ಮೈದಾನ ಮತ್ತು ನಾಗರಿಕ ಸೌಲಭ್ಯಕ್ಕೆ ಮೀಸಲಾದ ಜಾಗವನ್ನು ಬೇರೆ ಉದ್ದೇಶಕ್ಕೆ ಪರಭಾರೆ ಮಾಡಿದರೆ ಅದು ಅಸಿಂಧು.

2011ರಲ್ಲಿ ಭೋಪಾಲದ ಒಂದು ಪ್ರಕರಣ ಸುಪ್ರೀಂ ಕೋರ್ಟಿನ ಮುಂದೆ ಬಂತು. ಅಲ್ಲಿ ಕುಶಾಭಾವು ಠಾಕ್ರೆ ಸ್ಮಾರಕ ಟ್ರಸ್ಟ್‌ಗೆ ಸರಕಾರ 20 ಎಕರೆ ಭೂಮಿ ಕೊಟ್ಟಿತ್ತು. ಜಾಹೀರಾತು ನೀಡದೆ, ಇತರ ಅರ್ಹ ಸಂಸ್ಥೆಗಳಿಗೆ ಅವಕಾಶ ಕೊಡದೆ ಮಾಡಿದ ಆ ಹಂಚಿಕೆ ರದ್ದಾಯಿತು. ಹಾಗೆಂದು ಎಲ್ಲವನ್ನೂ ಹರಾಜಿಗೇ ಹಾಕಬೇಕೆಂದಲ್ಲ. ನೈಸರ್ಗಿಕ ಸಂಪನ್ಮೂಲಗಳಿಗೆ ಹರಾಜೊಂದೇ ಮಾರ್ಗವೆಂದು ಸಂವಿಧಾನ ಹೇಳುವುದಿಲ್ಲ, ಆದರೆ ಯಾವ ಮಾರ್ಗವೂ ಪಕ್ಷಪಾತದ್ದಾಗಬಾರದು ಎಂಬುದು 2012ರಲ್ಲಿ ರಾಷ್ಟ್ರಪತಿಗಳ ಪ್ರಶ್ನೆಗೆ ಅದೇ ನ್ಯಾಯಾಲಯ ನೀಡಿದ ಉತ್ತರ.

ಶಿಕ್ಷಣ ಸಂಸ್ಥೆಗಳಿಗೂ ಇದರಲ್ಲಿ ಪಾಠವಿದೆ. ಶಾಲೆಗೆ ಸಿ.ಎ. ನಿವೇಶನ ಕೇಳುವವರು ಪ್ರಕಟಣೆ ನೋಡಿ, ನಿಯಮದಂತೆ ಅರ್ಜಿ ಹಾಕಿ, ಪ್ರತಿಯೊಂದು ಕಾಗದವನ್ನು ಜೋಪಾನವಾಗಿಡಬೇಕು. ಶಿಫಾರಸಿನಿಂದ ಪಡೆದ ಜಾಗ ಹದಿನೈದು ವರ್ಷಗಳ ಬಳಿಕವೂ ಕೈತಪ್ಪಬಹುದು.

ವಿದ್ಯಾರ್ಥಿಗಳೇ, ನೀವು ಆಡುವ ಮೈದಾನ ಬಡಾವಣೆಯ ನಕ್ಷೆಯಲ್ಲಿ ಏನೆಂದು ನಮೂದಾಗಿದೆ? 2005ರ ಮಾಹಿತಿ ಹಕ್ಕು ಕಾಯ್ದೆಯಡಿ ಹಿರಿಯರಿಂದ ಒಂದು ಅರ್ಜಿ ಹಾಕಿಸಿ ತಿಳಿದುಕೊಳ್ಳಿ. ಪೌರನೀತಿಯ ಪಾಠ ಅಲ್ಲಿಂದ ಆರಂಭವಾಗಲಿ.