ಲೈಟ್ ಬಂದ್ ಮಾಡಿ, ಆಮೇಲೆ ನೋಡಿ: ಉತ್ತರದ ಬೆಳಕು, ಚೀನೀ ಮಾತಾಡುವ ಗೈಡ್‌ಗಳು, ಮತ್ತೆ ನಮ್ಮ ಮಟ್ಟು ಬೀಚು

(1/8)
2020ರ ನವೆಂಬರ್. ವಾಟ್ಸಾಪಲ್ಲಿ ಒಂದು ವಿಡಿಯೋ ಬಂತು. ಮಟ್ಟು ಬೀಚಲ್ಲಿ ರಾತ್ರಿ ಸಮುದ್ರ ನೀಲಿಯಾಗಿ ಹೊಳೀತಾ ಉಂಟಂತೆ! ನೆನಪುಂಟಲ್ಲ ನಿಮಗೆ? ನಾನಾಗ ಹೈಸ್ಕೂಲು. ಹಠ ಮಾಡಿ ಮಾವನ ಸ್ಕೂಟರಲ್ಲಿ ಹೊರಟೆ. ಶಿರ್ವ, ಬಂಟಕಲ್ಲು, ಶಂಕರಪುರ, ಕಟಪಾಡಿ, ಮಟ್ಟು.

ಅಲ್ಲಿ ಹೋಗಿ ನೋಡಿದ್ರೆ ಜಾತ್ರೆ. ಎಲ್ಲರ ಕೈಯಲ್ಲೂ ಮೊಬೈಲ್ ಟಾರ್ಚು. ಕೆಲವರು ಕಾರಿನ ಹೆಡ್‌ಲೈಟನ್ನೇ ಸಮುದ್ರಕ್ಕೆ ತಿರುಗಿಸಿ ಇಟ್ಟಿದ್ರು. ಕಾಲು ಗಂಟೆ ನಿಂತೆ, ಎಂತದ್ದೂ ಕಾಣಲಿಲ್ಲ. ಪಕ್ಕದಲ್ಲಿ ಒಬ್ಬ "ಎಲ್ಲ ಫೇಕ್ ಮಾರಾಯ" ಅಂತ ವಾಪಸ್ ಹೊರಟ. ದೋಣಿಗೆ ಒರಗಿ ಕೂತಿದ್ದ ಒಬ್ಬರು ಮೀನುಗಾರ ಅಜ್ಜ ಆಗ ಬೊಬ್ಬೆ ಹಾಕಿದ್ರು: "ಲೈಟ್ ಬಂದ್ ಮಲ್ಪುಲೆ ಮಾರಾಯ್ರೆ, ಬೊಕ್ಕ ತೂಲೆ!" ಲೈಟ್ ಬಂದ್ ಮಾಡಿ, ಆಮೇಲೆ ನೋಡಿ.

ನಮ್ಮ ಸುತ್ತ ನಾಲ್ಕೈದು ಜನ ಆರಿಸಿದ್ರು. ಕಣ್ಣು ಕತ್ತಲೆಗೆ ಒಗ್ಗಲಿಕ್ಕೆ ಸ್ವಲ್ಪ ಹೊತ್ತು ಬೇಕಾಯ್ತು. ಆಮೇಲೆ ಒಂದು ತೆರೆ ಒಡೆಯಿತು ನೋಡಿ, ಅಂಚಿಗೆ ಇಡೀ ನೀಲಿ! "ಒದ್ದೆ ಹೊಯಿಗೆ ಮೇಲೆ ಕಾಲಿಡು" ಅಂದ್ರು ಅಜ್ಜ. ಇಟ್ಟೆ. ಪಾದದ ಸುತ್ತ ಕಿಡಿ.

(2/8)
ಆ ಬೆಳಕು ಫ್ರೀ. ಅಜ್ಜನೂ ಒಂದು ರೂಪಾಯಿ ತೆಗೊಳ್ಳಲಿಲ್ಲ. ಆದ್ರೆ ಅಜ್ಜ ಮಾಡಿದ ಕೆಲಸ ಉಂಟಲ್ಲ, ಭೂಮಿಯ ಉತ್ತರದ ತುದಿಯಲ್ಲಿ ಅದು ದೊಡ್ಡ ಬಿಸಿನೆಸ್. ಸರ್ವೀಸ್ ಸೆಕ್ಟರ್ ಪ್ರಾಜೆಕ್ಟಿಗೆ ವಿಷಯ ಹುಡುಕುವಾಗ ನನಗೆ ಸಿಕ್ಕಿದ್ದು ಇದು: ಚೀನೀ ಭಾಷೆ ಮಾತಾಡುವವರಿಗಾಗಿಯೇ ನಡೆಯುವ ಅರೋರಾ ಟೂರು. ನಾರ್ವೆ, ಫಿನ್ಲೆಂಡ್, ಐಸ್‌ಲ್ಯಾಂಡ್, ಕೆನಡಾ, ಎಲ್ಲ ಕಡೆ ಉಂಟು.

ಅರೋರಾ ಅಂದ್ರೆ ಸೂರ್ಯನಿಂದ ಹಾರಿ ಬರುವ ವಿದ್ಯುತ್ ಕಣಗಳ ಆಟ. ಭೂಮಿಯ ಕಾಂತಕ್ಷೇತ್ರ ಅವುಗಳನ್ನು ಧ್ರುವಗಳ ಕಡೆಗೆ ಎಳೆಯುತ್ತದೆ. ಮೇಲಿನ ಗಾಳಿಗೆ ಅವು ಬಡಿದಾಗ ಗಾಳಿ ಹೊಳೆಯುತ್ತದೆ. ಸುಮಾರು 100ರಿಂದ 150 ಕಿಲೋಮೀಟರ್ ಎತ್ತರದಲ್ಲಿ ಆಮ್ಲಜನಕ ಹಸಿರು ಬೆಳಕು ಕೊಡ್ತದೆ, 200 ಕಿಲೋಮೀಟರ್ ದಾಟಿದ ಮೇಲೆ ಕೆಂಪು.

ಅರೋರಾ ರೋಮನ್ನರ ಬೆಳಗಿನ ದೇವತೆಯ ಹೆಸರು. ನಮ್ಮ ಉಷಸ್ ಉಂಟಲ್ಲ, ಭಾಷಾಶಾಸ್ತ್ರದ ಲೆಕ್ಕದಲ್ಲಿ ಎರಡೂ ಒಂದೇ ಮೂಲದ ಶಬ್ದ. ಚೀನೀಯಲ್ಲಿ ಇದಕ್ಕೆ ಜಿ ಗ್ವಾಂಗ್ ಅಂತಾರೆ, ಧ್ರುವದ ಬೆಳಕು. ಕನ್ನಡದ ಧ್ರುವಪ್ರಭೆಯೂ ಅದೇ ಅರ್ಥ.

(3/8)
ಈಗ ಹಿಸ್ಟರಿ. ಚೀನಾದವರಿಗೆ ಈ ಬೆಳಕು ಇನ್ಸ್ಟಾಗ್ರಾಮಲ್ಲಿ ಸಿಕ್ಕಿದ್ದಲ್ಲ. 'ಬಿದಿರಿನ ವಾರ್ಷಿಕ ದಾಖಲೆಗಳು' ಅಂತ ಅವರದ್ದೊಂದು ಹಳೆಯ ಇತಿಹಾಸ ಗ್ರಂಥ ಉಂಟು. ಝೌ ವಂಶದ ಝಾವೋ ರಾಜನ ಕೊನೆಗಾಲದಲ್ಲಿ ಒಂದು ರಾತ್ರಿ ಐದು ಬಣ್ಣದ ಬೆಳಕು ಕಂಡಿತು ಅಂತ ಅದರಲ್ಲಿ ಬರೆದಿದೆ. ಹೆಚ್ಚುಕಡಿಮೆ 3000 ವರ್ಷ ಹಿಂದಿನ ಮಾತು. ಕಾಲ ತಿಳಿದಿರುವ ಅರೋರಾ ದಾಖಲೆಗಳಲ್ಲಿ ಇದೇ ಅತಿ ಹಳೆಯದ್ದಿರಬಹುದು ಅಂತ 2022ರಲ್ಲಿ ಸಂಶೋಧಕರು ವಾದಿಸಿದ್ದಾರೆ. ಆಮೇಲಿನ ಶತಮಾನಗಳಲ್ಲೂ ಆಸ್ಥಾನದ ಜ್ಯೋತಿಷಿಗಳು ರಾತ್ರಿ ಆಕಾಶದ "ಕೆಂಪು ಆವಿ"ಯನ್ನು ಬರೆದಿಡುತ್ತಾ ಬಂದರು. ಸೂರ್ಯ ಹಿಂದೆ ಯಾವಾಗ ಕೆರಳಿದ್ದ ಅಂತ ತಿಳಿಯಲು ಇವತ್ತಿನ ವಿಜ್ಞಾನಿಗಳು ಅದೇ ಪುಟ ತಿರುವುತ್ತಾರೆ.

ಮತ್ತೆ ಅಷ್ಟು ದೂರ ಹೋಗುದು ಯಾಕೆ? ಕಾರಣ ಭೂಗೋಳ. ಅರೋರಾ ಕಾಣುವ ಪಟ್ಟಿ ಸುತ್ತುವುದು ಭೂಮಿಯ ಕಾಂತಧ್ರುವವನ್ನು, ಆ ಧ್ರುವ ವಾಲಿರುವುದು ಕೆನಡಾದ ಕಡೆಗೆ. ಹಾಗಾಗಿ ಕೆನಡಾದ ಯೆಲ್ಲೋನೈಫ್ ಊರಿನ ನೆತ್ತಿ ಮೇಲೆಯೇ ಅರೋರಾ. ಚೀನಾದ ಉತ್ತರ ತುದಿಯ ಮೋಹೆ ಊರಲ್ಲಿ ಅದು ಯಾವಾಗಲೋ ಒಮ್ಮೆ ಬರುವ ಅತಿಥಿ.

(4/8)
ಹೋಗಬೇಕಂದ್ರೆ ಬಾಗಿಲು ತೆರೆದಿರಬೇಕಲ್ಲ. ಚೀನಾದ ಸಾಮಾನ್ಯ ಜನ ಬರೀ ಪ್ರವಾಸಕ್ಕೆ ಅಂತ ಹೊರದೇಶಕ್ಕೆ ಹೋಗಲು ಶುರು ಮಾಡಿ ಹೆಚ್ಚು ಕಾಲ ಆಗಿಲ್ಲ. ಅದಕ್ಕೆ ಅಲ್ಲಿಯ ಸರ್ಕಾರ ಒಂದು ವ್ಯವಸ್ಥೆ ಮಾಡಿತ್ತು, ಹೆಸರು ಅಪ್ರೂವ್ಡ್ ಡೆಸ್ಟಿನೇಶನ್ ಸ್ಟೇಟಸ್, ಶಾರ್ಟಾಗಿ ಎಡಿಎಸ್. ಯಾವ ದೇಶದ ಜೊತೆ ಒಪ್ಪಂದ ಆಗಿದೆಯೋ ಆ ದೇಶಕ್ಕೆ ಮಾತ್ರ ಗ್ರೂಪ್ ಟೂರ್ ಮಾರಬಹುದು, ಅದೂ ಲೈಸೆನ್ಸ್ ಇರುವ ಏಜೆನ್ಸಿ ಮಾತ್ರ. ಯುರೋಪಿಯನ್ ಯೂನಿಯನ್ ಜೊತೆ ಒಪ್ಪಂದ ಆದದ್ದು 2004ರಲ್ಲಿ, ಕೆನಡಾ ಜೊತೆ 2010ರಲ್ಲಿ.

ಇಲ್ಲಿ ಒಂದು ಮುಖ್ಯ ಪಾಯಿಂಟ್ ಉಂಟು. ಪ್ರತಿ ಗುಂಪಿನ ಜೊತೆ ಒಬ್ಬ ಲೀಡರ್ ಇರಲೇಬೇಕು ಅಂತ 2002ರ ನಿಯಮ. ಅವರಿಗೆ ಲಿಂಗ್‌ದುಯ್ ಅಂತಾರೆ. ಅಂದ್ರೆ "ನಮ್ಮ ಭಾಷೆ ಮಾತಾಡುವವ ಜೊತೆಗಿದ್ದರೆ ಒಳ್ಳೇದು" ಅನ್ನುವ ಆಸೆಗೆ ಸರ್ಕಾರದ ಸೀಲೂ ಬಿತ್ತು. ಚೀನೀ ಭಾಷೆಯ ಟೂರ್ ಹುಟ್ಟಿದ್ದರ ಹಿಂದೆ ಮಾರ್ಕೆಟ್ ಎಷ್ಟುಂಟೋ ಕಾನೂನೂ ಅಷ್ಟೇ ಉಂಟು. ನಮ್ಮ ಬಿಸಿನೆಸ್ ಲಾ ಕ್ಲಾಸಲ್ಲಿ ನಿದ್ದೆ ಮಾಡುವವರಿಗೆ (ನಾನೂ ಸೇರಿ) ಇದೊಂದು ಉದಾಹರಣೆ.

(5/8)
ಯೆಲ್ಲೋನೈಫಲ್ಲಿ ಈ ದಾರಿ ಮೊದಲು ಹಾಕಿದ್ದು ಜಪಾನಿನವರು. 1980ರ ದಶಕದ ಕೊನೆಯಿಂದ ಅವರಿಗಾಗಿ ಜಪಾನೀ ಮಾತಾಡುವ ಗೈಡ್‌ಗಳು ಬಂದರು. ಎಡಿಎಸ್ ಆದ ಮೇಲೆ ಅದೇ ದಾರಿಯಲ್ಲಿ ಮ್ಯಾಂಡರಿನ್ ಮಾತಾಡುವ ಗೈಡ್‌ಗಳೂ ಬಂದರು.

ಗೈಡ್ ಮಾಡುವ ಕೆಲಸ ಎಂತದ್ದು? ಹಗಲಿಡೀ ಮೋಡದ ಮ್ಯಾಪ್ ನೋಡುದು. 0ಯಿಂದ 9ರವರೆಗೆ ಇರುವ ಕೆಪಿ ಸೂಚ್ಯಂಕ ನೋಡುದು. ರಾತ್ರಿ ಮೋಡ ಇಲ್ಲದ ಕಡೆಗೆ ವ್ಯಾನ್ ಓಡಿಸುದು. ಚೀನೀಯಲ್ಲಿ ಇದಕ್ಕೆ ಒಂದು ಶಬ್ದವೇ ಉಂಟು: ಜ್ವೇ ಗ್ವಾಂಗ್, ಬೆಳಕಿನ ಬೆನ್ನು ಹತ್ತುವುದು. ಮೈನಸ್ 30 ಡಿಗ್ರಿಯಲ್ಲಿ ಮೊಬೈಲ್ ಬ್ಯಾಟರಿ ಯಾಕೆ ಸಾಯ್ತದೆ, ಬೆವರಿದರೆ ಯಾಕೆ ಅಪಾಯ, ಇದನ್ನೆಲ್ಲ ಅಜ್ಜಿಗೂ ಮೊಮ್ಮಗನಿಗೂ ಅರ್ಥ ಆಗುವ ಹಾಗೆ ಹೇಳುದು.

ಹೋಟೆಲಿನವರೂ ಕಲಿತರು. ಹಿಲ್ಟನ್ ಕಂಪೆನಿ 2011ರಲ್ಲಿ ಚೀನೀ ಅತಿಥಿಗಳಿಗಾಗಿಯೇ ಒಂದು ಯೋಜನೆ ಶುರು ಮಾಡಿತು. ರಿಸೆಪ್ಷನಲ್ಲಿ ಮ್ಯಾಂಡರಿನ್, ರೂಮಲ್ಲಿ ಚಹಾ ಮತ್ತೆ ಚಪ್ಪಲಿ, ಬೆಳಗ್ಗೆ ತಿಂಡಿಗೆ ಅಕ್ಕಿ ಗಂಜಿ. ಗಂಜಿ ಮಾರಾಯ್ರೆ! ಊರು ಬಿಟ್ಟವನಿಗೆ ಎಂತ ಬೇಕು ಅಂತ ಯಾರೋ ಸರಿಯಾಗಿ ಯೋಚನೆ ಮಾಡಿದ್ದಾರೆ. ಆಮೇಲೆ ಫಿನ್ಲೆಂಡಿನ ಲ್ಯಾಪ್‌ಲ್ಯಾಂಡಿನ ಅಂಗಡಿಗಳಿಗೆ ಚೀನಾದ ಅಲಿಪೇ ಬಂತು, ನಮ್ಮಲ್ಲಿ ಗೂಡಂಗಡಿಗೂ ಯುಪಿಐ ಬಂದ ಹಾಗೆ.

(6/8)
ಇಷ್ಟೆಲ್ಲ ಓದಿದ ಮೇಲೆ ನನಗೆ ಅನಿಸಿದ್ದು, ಗೈಡ್‌ಗೆ ಎಲ್ಲಕ್ಕಿಂತ ಕಷ್ಟದ ವಾಕ್ಯ "ಇವತ್ತು ಕಾಣದೆಯೂ ಇರಬಹುದು" ಅನ್ನುವುದು. ಎರಡನೇದು, "ಫೋಟೋದಲ್ಲಿ ಕಾಣುವಷ್ಟು ಹಸಿರು ಕಣ್ಣಿಗೆ ಕಾಣ್ಲಿಕ್ಕಿಲ್ಲ." ಕ್ಯಾಮರಾ ಹಲವು ಸೆಕೆಂಡಿನ ಬೆಳಕು ಕೂಡಿಸಿ ತೋರಿಸ್ತದೆ, ಕಣ್ಣಿಗೆ ಆ ಶಕ್ತಿ ಇಲ್ಲ. ಮಂದ ಅರೋರಾ ಬಿಳಿ ಮೋಡದ ಹಾಗೆ ಕಾಣುದೂ ಉಂಟು. ಇದನ್ನು ಮೊದಲೇ, ನಿಮ್ಮ ಭಾಷೆಯಲ್ಲಿ, ಮುಖ ನೋಡಿ ಹೇಳಿದ್ರೆ ನೀವು ಕಾಯ್ತೀರಿ. ಹೇಳದಿದ್ರೆ ಮೋಸ ಅಂತ ಜಗಳ. ಮಟ್ಟುವಲ್ಲಿ "ಫೇಕ್" ಅಂತ ಹೊರಟವನಿಗೂ ಆದದ್ದು ಇದೇ. ಅವನು ಹೊರಡುವ ಮೊದಲು ಅವನಿಗೆ ಯಾರೂ ಎಂತದ್ದೂ ಹೇಳಿರಲಿಲ್ಲ.

ಮತ್ತೆ ಒಂದು ದಿನ ಬಾಗಿಲು ಬಿತ್ತು. 2020ರ ಜನವರಿ ಕೊನೆಗೆ ಕೊರೋನಾ ಕಾರಣಕ್ಕೆ ಚೀನಾ ಎಲ್ಲ ಗ್ರೂಪ್ ಟೂರ್ ನಿಲ್ಲಿಸಿತು. ಅಂಥಾ ಟೂರನ್ನೇ ನಂಬಿದ್ದವರ ಸೀಸನ್ ಅರ್ಧದಲ್ಲಿ ಮುಗಿಯಿತು. 2023ರಲ್ಲಿ ಕಂತು ಕಂತಾಗಿ ತೆರೆದರು. ಆಗಸ್ಟಲ್ಲಿ ಬಂದ ದೊಡ್ಡ ಪಟ್ಟಿಯಲ್ಲಿ ಅಮೆರಿಕ, ಜಪಾನ್, ಆಸ್ಟ್ರೇಲಿಯಾ ಇದ್ದವು, ಕೆನಡಾದ ಹೆಸರಿರಲಿಲ್ಲ. ಯೆಲ್ಲೋನೈಫಿನ ಆಕಾಶ ಎಷ್ಟು ಹೊಳೆದರೂ ಆ ಪಟ್ಟಿಗೆ ಅದು ಲೆಕ್ಕಕ್ಕಿರಲಿಲ್ಲ. ಒಂದೇ ಬಾಗಿಲನ್ನು ನಂಬಿದ ವ್ಯಾಪಾರದ ಕಥೆ ಇಷ್ಟೇ.

(7/8)
ಈಗ ನಮ್ಮ ದೇಶಕ್ಕೆ ಬರುವಾ. 2024ರ ಮೇ 10ರ ರಾತ್ರಿ 2003ರ ನಂತರದ ಅತಿ ಬಲವಾದ ಸೌರ ಬಿರುಗಾಳಿ ಭೂಮಿಗೆ ಬಡಿಯಿತು. ಲಡಾಖಿನ ಹಾನ್ಲೆಯ ಆಕಾಶದಲ್ಲಿ ಕೆಂಪು ಬೆಳಕು ಕ್ಯಾಮರಾಗಳಿಗೆ ಸಿಕ್ಕಿತು. ಅಷ್ಟು ದಕ್ಷಿಣಕ್ಕೆ ಎತ್ತರದ ಕೆಂಪು ಮಾತ್ರ ಕಾಣುದು, ಹಸಿರು ದಿಗಂತದ ಕೆಳಗೆ ಉಳೀತದೆ.

ಹಾನ್ಲೆಯ ವೀಕ್ಷಣಾಲಯ ಇರುವುದು ಸುಮಾರು 4500 ಮೀಟರ್ ಎತ್ತರದಲ್ಲಿ. ನಡೆಸುವುದು ನಮ್ಮ ಬೆಂಗಳೂರಿನ ಕೋರಮಂಗಲದಲ್ಲಿರುವ ಭಾರತೀಯ ಖಭೌತ ವಿಜ್ಞಾನ ಸಂಸ್ಥೆ. ಅಲ್ಲಿಯ 2 ಮೀಟರ್ ದೂರದರ್ಶಕವನ್ನು ಉಪಗ್ರಹ ಸಂಪರ್ಕದ ಮೂಲಕ ಹೊಸಕೋಟೆಯಲ್ಲಿ ಕೂತು ತಿರುಗಿಸ್ತಾರೆ ಅಂತ ಗೊತ್ತುಂಟಾ? ನನಗೆ ಗೊತ್ತಿರಲಿಲ್ಲ.

2022ರ ಡಿಸೆಂಬರಲ್ಲಿ ಹಾನ್ಲೆ ಸುತ್ತಿನ ಜಾಗವನ್ನು ಕತ್ತಲೆ ಕಾಪಾಡುವ ಮೀಸಲು ಪ್ರದೇಶ ಅಂತ ಘೋಷಿಸಿದರು. ಹೊರಗಿಂದ ಗೈಡ್ ತರಿಸಲಿಲ್ಲ. ಅಲ್ಲಿಯ ಹಳ್ಳಿಗಳ 20ಕ್ಕೂ ಹೆಚ್ಚು ಜನರಿಗೆ ತರಬೇತಿ ಕೊಟ್ಟು, ಕೈಗೆ ದೂರದರ್ಶಕ ಕೊಟ್ಟು, ಖಗೋಳ ರಾಯಭಾರಿ ಅಂತ ಕರೆದರು. ಬಂದವರಿಗೆ ಅವರು ಆಕಾಶ ತೋರಿಸ್ತಾರೆ, ರಾತ್ರಿ ಮನೆಯಲ್ಲಿ ಉಳಿಸ್ತಾರೆ. ಹೊರಗಿನ ದೀಪ ಕಡಿಮೆ ಮಾಡುದು ಅಲ್ಲಿ ನಿಯಮ. ಅಜ್ಜ ಬೊಬ್ಬೆ ಹಾಕಿ ಹೇಳಿದ್ದು ಅಲ್ಲಿ ಸರ್ಕಾರಿ ಆದೇಶ!

(8/8)
ಕೊನೆಗೆ ವಾಪಸ್ ಮಟ್ಟು. ಅವತ್ತು ಹೊಳೆದದ್ದು ನಾಕ್ಟಿಲೂಕ ಅನ್ನುವ ಸಣ್ಣ ಜೀವಿ ಅಂತ ವಿಜ್ಞಾನಿಗಳು ಹೇಳಿದ್ರು. ನೀರು ಅಲುಗಿದಾಗ ಅದು ಮಿನುಗ್ತದೆ. ನೋಡ್ಲಿಕ್ಕೆ ಚಂದ, ಆದ್ರೆ ತುಂಬ ಬೆಳೆದರೆ ನೀರಿನ ಆಮ್ಲಜನಕ ಕಡಿಮೆ ಆಗಿ ಮೀನು ದೂರ ಹೋಗ್ತದೆ. ನಮಗೆ ರೀಲ್ ಆದದ್ದು ದೋಣಿಯವರಿಗೆ ಚಿಂತೆ. ಇದನ್ನೂ ಸೇರಿಸಿ ಹೇಳಿದ್ರೆ ಮಾತ್ರ ಕಥೆ ಪೂರ್ತಿ ಆಗುದು, ಅದನ್ನು ಹೇಳಲು ಇಲ್ಲಿಯವರೇ ಬೇಕು.

ಮಲ್ಪೆಯಿಂದ ಬೋಟಲ್ಲಿ ಸೇಂಟ್ ಮೇರೀಸ್ ದ್ವೀಪಕ್ಕೆ ಎಷ್ಟು ಸಲ ಹೋಗಿದ್ದೀರಿ? ಅಲ್ಲಿಯ ಕಂಬ ಕಂಬದ ಕಲ್ಲು ಸುಮಾರು 8.8 ಕೋಟಿ ವರ್ಷ ಹಿಂದೆ, ಮಡಗಾಸ್ಕರ್ ನಮ್ಮಿಂದ ಬೇರೆಯಾಗುವ ಕಾಲದ ಲಾವಾ. ನಾನು ಮೂರು ಸಲ ಹೋಗಿ ಮೂರು ಸಲವೂ ಅದರ ಮೇಲೆ ಕೂತು ಸೆಲ್ಫಿ ತೆಗೆದು ಬಂದೆ. ಹೇಳುವವರು ಸಿಕ್ಕಲಿಲ್ಲ, ನಾನೂ ಕೇಳಲಿಲ್ಲ.

ನಮ್ಮ ಕ್ಲಾಸಲ್ಲಿ "ಡಿಗ್ರಿ ಮುಗಿದ ಮೇಲೆ ಎಂತ?" ಅಂದ್ರೆ ಉತ್ತರ ಬೆಂಗಳೂರು, ಮುಂಬೈ ಇಲ್ಲಾ ಗಲ್ಫ್. ತಪ್ಪಂತ ಹೇಳ್ತಿಲ್ಲ, ನನ್ನ ಮನೆಯಲ್ಲೂ ಅದೇ ಮಾತು ನಡೀತಾ ಉಂಟು. ಆದ್ರೆ ಯೆಲ್ಲೋನೈಫ್ ಆಗಲಿ ಹಾನ್ಲೆ ಆಗಲಿ, ಬೆಳಕನ್ನು ಯಾರೂ ಮಾಡಿದ್ದಲ್ಲ. ಕತ್ತಲೆ ಉಳಿಸಿಕೊಂಡರು, ಬಂದವನ ಭಾಷೆಯಲ್ಲಿ ಮಾತಾಡಿದರು. ಇಷ್ಟಕ್ಕೆ ಸಂಬಳ ಹುಟ್ಟಿತು. ಇಲ್ಲಿಗೆ ಬರುವವರಿಗೆ ಕನ್ನಡದಲ್ಲಿ, ಹಿಂದಿಯಲ್ಲಿ, ಮಲಯಾಳದಲ್ಲಿ ಹೇಳುವವರು ನಮ್ಮಲ್ಲಿಲ್ಲವಾ? ನನಗೆ ಮನೆಯಲ್ಲಿ ಉತ್ತರ ಕೊಡ್ಲಿಕ್ಕೆ ಇನ್ನೂ ಒಂದು ವರ್ಷ ಉಂಟು. ಯೋಚನೆ ಮಾಡ್ತಾ ಇದ್ದೇನೆ.

ಅಷ್ಟರೊಳಗೆ ಒಂದು ಹೋಮ್‌ವರ್ಕ್. ಸಮುದ್ರ ರಾತ್ರಿ ಹೊಳೆಯುವುದಕ್ಕೆ ನಿಮ್ಮ ಮನೆಯ ಹಿರಿಯರು ತುಳುವಿನಲ್ಲಿ, ಕೊಂಕಣಿಯಲ್ಲಿ, ಬ್ಯಾರಿಯಲ್ಲಿ, ಕುಂದಾಪುರ ಕನ್ನಡದಲ್ಲಿ ಎಂತ ಹೇಳ್ತಾರೆ? ಕೇಳಿ ಕಮೆಂಟಲ್ಲಿ ಬರೀರಿ. ಸಿಕ್ಕಿದ ಶಬ್ದಗಳನ್ನೆಲ್ಲ ಸೇರಿಸಿ ಮುಂದಿನ ಪೋಸ್ಟ್ ಮಾಡ್ತೇನೆ. ಮತ್ತೆ ಈ ಚಳಿಗಾಲ ಸಮುದ್ರ ಹೊಳೆದರೆ ಖಂಡಿತ ಬನ್ನಿ. ಮೊದಲು ಟಾರ್ಚ್ ಆಫ್.

#ಶಿರ್ವ #ಮಟ್ಟು #ಧ್ರುವಪ್ರಭೆ #ಹಿಸ್ಟರಿಸರಣಿ #ಬಿಕಾಂಹುಡುಗರು